ಡೈರಿ ಅಧ್ಯಕ್ಷರದಾ, ಅಮೇರಿಕಾ ಅಧ್ಯಕ್ಷರದಾ?

ಅಮೇರಿಕಾ ಅಧ್ಯಕ್ಷರ ಎಲೆಕ್ಷನ್‌ನ ಡಿಬೇಟ್ ಸೀಸನ್‌ನಲ್ಲಿ ಅಲ್ಲಿಯ ರಾತ್ರಿ ಒಂಬತ್ತು ಅಂದ್ರೆ ನಮಗೆ ಬೆಳಗ್ಗೆ ಆರೂವರೆ, ಹಾಲಿನೋನು ಬಂದು ಹೋಗಿ ಫಿಲ್ಟರ್‌ನಲ್ಲಿ ಡಿಕಾಕ್ಷನ್ ಇಳೀತಾ ಇರೋ ಟೈಮು. ಹಂಗಾಗಿ ನಿದ್ದೆಗೆಡದೆ ಲೈವ್ ನೋಡೋಕಾಗೋ ಅಮೇರಿಕಾ ಪ್ರೋಗ್ರಾಂ ಅಂದ್ರೆ ನಂಗೆ ಇದೊಂದೇ. 2016ರಿಂದ ಒಂದೂ ಬಿಟ್ಟಿಲ್ಲ. ಆದ್ರೆ 2024ರ ಜೂನ್ 28ರ ಬೆಳಗ್ಗೆ ಮಾತ್ರ ಏಳೋಕೇ ಆಗ್ಲಿಲ್ಲ, ಯಾಕಂದ್ರೆ ಹಿಂದಿನ ರಾತ್ರಿ ಗಯಾನಾದಲ್ಲಿ ಇಂಡಿಯಾ ಇಂಗ್ಲೆಂಡ್ ಸೆಮಿಫೈನಲ್ಲು, ಮಳೆ ಬಂತು, ನಿಂತು, ಮತ್ತೆ ಬಂತು, ಮ್ಯಾಚ್ ಮುಗಿಯೋ ಹೊತ್ತಿಗೆ ನಡುರಾತ್ರಿ ಯಾವಾಗ್ಲೋ ದಾಟಿತ್ತು. ಎಬ್ಬಿಸಿದ್ದು ತಾತ. ಊರಿಂದ ಮೈಸೂರಿಗೆ ನಮ್ಮನೇಗೆ ಬಂದು ಪೊರೆ ಆಪರೇಷನ್ ಮಾಡಿಸ್ಕೊಂಡು ಹತ್ತು ದಿನ ಆಗಿತ್ತು, ಕಪ್ಪು ಕನ್ನಡಕ ಹಾಕ್ಕೊಂಡು ನಾಲ್ಕೂವರೆಗೇ ಎದ್ದು ಸೋಫಾ ಮೇಲೆ ಕೂತಿತ್ತು. "ಟೀವಿ ಆಕ್ಲಾ, ಸುಮ್ನೆ ಎಷ್ಟೊತ್ ಗೋಡೆ ನೋಡ್ಲಿ" ಅಂತು.

ಅಮೇರಿಕಾ ಅಧ್ಯಕ್ಷರ ಎಲೆಕ್ಷನ್ ಡಿಬೇಟ್ ಐತೆ ತಾತ ಅಂದೆ. "ಅಧ್ಯಕ್ಷರದಾ? ಡೈರೀದಾ?" ಅಂತು. ತಮಾಷೆಗೆ ಕೇಳಿದ್ದಲ್ಲ. ಯಾಕೆ ಹಂಗೆ ಕೇಳ್ತು ಅಂತ ಆಮೇಲೆ ಬರ್ತೀನಿ.

ಫೋನಿಂದ ಯೂಟ್ಯೂಬ್‌ನ ಟೀವಿಗೆ ಹಾಕಿದೆ. ಅಟ್ಲಾಂಟಾದ ಸ್ಟುಡಿಯೋ, ಎದುರಿಗೆ ಜನಾನೇ ಇಲ್ಲ, ಪರದೆಯ ಎಡಕ್ಕೆ ಟ್ರಂಪು ಬಲಕ್ಕೆ ಬೈಡನ್ನು, ಒಬ್ಬನ ಸರದಿ ಬಂದಾಗ ಇನ್ನೊಬ್ಬನ ಮೈಕು ಆಫು. ಕೈಯಲ್ಲಿ ಚೀಟಿ ಇರೋ ಹಾಗಿಲ್ಲ, ಒಂದು ಪೆನ್ನು, ಒಂದು ಖಾಲಿ ಪ್ಯಾಡು, ಒಂದು ಬಾಟ್ಲಿ ನೀರು ಅಷ್ಟೇ. ತಾತನಿಗೆ ಇಂಗ್ಲಿಷ್ ಅಂದ್ರೆ ಕರೆಂಟು, ಬಸ್ಸು, ಫ್ಯಾಟು, ಲೀಟ್ರು, ಅಲ್ಲಿಗೆ ಮುಗೀತು. ಆದ್ರೆ ಹತ್ತು ವರ್ಷದಿಂದ ಮಬ್ಬುಮಬ್ಬಾಗಿ ಕಾಣ್ತಿದ್ದ ಕಣ್ಣಿಗೆ ಈಗ ಎಲ್ಲಾ ಫಳಫಳ ಕಾಣ್ತಿದೆ, ಮನುಷ್ಯರ ಮುಖಾನ ಮಕ್ಕಳು ನೋಡ್ದಂಗೆ ನೋಡ್ತಿತ್ತು.

ಶುರುವಾಗಿ ಹತ್ತು ಹದಿನೈದು ನಿಮಿಷ ಆಗಿರ್ಬೇಕು. ಬೈಡನ್ ಏನೋ ಹೇಳ್ತಾ ಹೇಳ್ತಾ ಮಧ್ಯದಲ್ಲಿ ದಾರಿ ತಪ್ಪಿ, ತಲೆ ತಗ್ಗಿಸಿ, ಹುಡುಕಾಡಿ, ಕೊನೇಗೆ ಮೆಡಿಕೇರ್‌ನ ಸೋಲಿಸಿಬಿಟ್ವಿ ಅನ್ನೋ ಅರ್ಥದ್ದು ಏನೋ ಹೇಳಿ ನಿಂತ್ಬಿಟ್ಟ. ಮೆಡಿಕೇರ್ ಅಂದ್ರೆ ಅಲ್ಲಿ ವಯಸ್ಸಾದೋರಿಗೆ ಸರ್ಕಾರದ ಆರೋಗ್ಯ ವಿಮೆ, ಅದನ್ನ ಯಾಕಪ್ಪ ಸೋಲಿಸ್ತೀಯ ಅಂತ ನಾನು ತಲೆ ಕೆರ್ಕೊಳ್ತಿದ್ರೆ ತಾತ ಕಾಫಿ ಲೋಟ ಕೆಳಗಿಟ್ಟು "ಆವಯ್ಯಂಗೆ ಉಸಾರಿಲ್ಲ ಕಣ್ಲಾ" ಅಂತು. ಇಲ್ಲ ತಾತ, ಮಾತು ಸ್ವಲ್ಪ ತಡವರಿಸಿತು ಅಷ್ಟೇ ಅಂದೆ. "ಮಾತ್ ಬುಡ್ಲಾ. ಇನ್ನೊಬ್ಬ ಮಾತಾಡೋವಾಗ ಇವ್ನು ಬಾಯ್ ತಕ್ಕಂಡ್ ನಿಂತವ್ನಲ್ಲ, ಅದ್ ನೋಡು."

ನಾನು ಅಲ್ಲೀವರೆಗೂ ಮಾತಾಡೋನ ಮುಖ ನೋಡ್ತಿದ್ದೆ. ತಾತ ಮಾತಾಡದೆ ಇರೋನ ಮುಖ ನೋಡ್ತಿತ್ತು.

ಅಡಿಗೆಮನೇಲಿ ನನ್ನ ಹೆಂಡ್ತಿ. ಅವಳು ಹೈಸ್ಕೂಲ್ ಟೀಚರ್ರು, ಇಂಗ್ಲಿಷೇ ಪಾಠ ಮಾಡೋದು, ಬಾಕ್ಸಿಗೆ ಚಿತ್ರಾನ್ನ ಕಲಿಸ್ತಾ ಬರೀ ಕಿವೀಲಿ ಕೇಳಿಸ್ಕೊಳ್ತಿದ್ಲು. ಅಲ್ಲಿಂದಾನೇ "ರೀ, ಅವ್ರಿಗೆ ಗಂಟಲು ಕಟ್ಟಿದ್ಯಾ?" ಅಂದ್ಲು. ಆಮೇಲೆ ಟ್ರಂಪ್ ಒಂದಾದ್ಮೇಲೊಂದು ಬಿಡ್ತಾ ಹೋದಾಗ "ಅಲ್ಲ ರೀ, ಇದೆಲ್ಲಾ ನಿಜಾನಾ? ಪ್ರಶ್ನೆ ಕೇಳೋರು ತಿದ್ದಲ್ವಾ? ಎಂಟನೇ ಕ್ಲಾಸ್ ಹುಡುಗ ಹಿಂಗೆ ಹೇಳಿದ್ರೆ ನಾನು ಬಿಡ್ತೀನಾ" ಅಂತ ಶುರು ಮಾಡಿದ್ಲು. ಆವತ್ತು ನಡೆಸಿಕೊಟ್ಟ ಇಬ್ರು ಪತ್ರಕರ್ತರೂ ಅದನ್ನ ತಿದ್ದೋಕೆ ಹೋಗ್ಲಿಲ್ಲ, ಸರಿಯೋ ತಪ್ಪೋ ಅಂತ ಎದುರಾಳಿಯೇ ಹೇಳ್ಬೇಕು ಅನ್ನೋ ಪದ್ಧತಿ. ಎದುರಾಳಿ ಹೇಳೋ ಸ್ಥಿತೀಲಿ ಇರ್ಲಿಲ್ಲ.

ಕೊನೆಕೊನೆಗೆ ಇಬ್ರೂ ಜೋರಾಗಿ ಕಿತ್ತಾಡೋಕೆ ಶುರು ಮಾಡಿದ್ರು. ತಾತ ಮುಂದಕ್ಕೆ ಜರುಗಿ ಕೂತ್ಕೊಂಡು ಏನ್ಲಾ ಏನ್ಲಾ ಅಂತು, ಯುದ್ಧದ ವಿಷ್ಯ ಇರ್ಬೇಕು ಅಂದ್ಕೊಂಡಿತ್ತೇನೋ. ಇಬ್ರಲ್ಲಿ ಯಾರು ಚೆನ್ನಾಗಿ ಗಾಲ್ಫ್ ಆಡ್ತಾರೆ ಅಂತ ಜಗಳ ತಾತ ಅಂದೆ. ಒಬ್ಬನಿಗೆ 81, ಇನ್ನೊಬ್ಬನಿಗೆ 78. "ಥೂ, ಗೋಲಿ ಆಡೋ ಐಕ್ಳಂಗೆ" ಅಂತ ಹಿಂದಕ್ಕೆ ಒರಗಿ ಕೂತ್ಕೊಂಡ್ತು.

ಬೈಕ್‌ನಲ್ಲಿ ಆಫೀಸಿಗೆ ಹೋಗ್ತಾ ಹೊಳೀತು, ನಮ್ಮ ಹಾಲ್‌ನಲ್ಲೂ ಅಡಿಗೆಮನೇಲೂ ಈಗ ನಡೆದಿದ್ದು 1960ರ ಕಥೇನೇ ಅಲ್ವಾ ಅಂತ. ಗೊತ್ತಿರೋರಿಗೆ ಗೊತ್ತು, ಗೊತ್ತಿಲ್ಲದೋರಿಗೆ ಹೇಳ್ಬಿಡ್ತೀನಿ. 1960ರ ಸೆಪ್ಟೆಂಬರ್ 26, ಶಿಕಾಗೋ, ಕೆನಡಿ ಮತ್ತೆ ನಿಕ್ಸನ್, ಅಮೇರಿಕಾ ಅಧ್ಯಕ್ಷ ಸ್ಥಾನಕ್ಕೆ ನಿಂತೋರು ಟೀವೀಲಿ ಎದುರುಬದುರು ಆದ ಮೊದಲನೇ ಸಲ. ನಿಕ್ಸನ್ ಮಂಡಿ ಇನ್‌ಫೆಕ್ಷನ್ ಆಗಿ ಆಸ್ಪತ್ರೇಲಿ ಮಲಗಿ ಎದ್ದು ಬಂದಿದ್ದ, ತೂಕ ಇಳಿದು ಕಾಲರು ಲೂಸಾಗಿತ್ತು, ಸಾಲದು ಅಂತ ಸ್ಟುಡಿಯೋ ಹತ್ರ ಕಾರಿಳಿಯುವಾಗ ಅದೇ ಮಂಡೀನ ಬಾಗ್ಲಿಗೆ ಗುದ್ದಿಸ್ಕೊಂಡ. ಸರಿಯಾದ ಮೇಕಪ್ ಬೇಡ ಅಂದ, ಗಡ್ಡದ ಕಪ್ಪು ಮುಚ್ಚೋಕೆ ಅಂಗಡಿ ಪೌಡರ್ ಹಚ್ಕೊಂಡ, ಲೈಟಿನ ಶಾಖಕ್ಕೆ ಅದು ಬೆವರಲ್ಲಿ ಇಳೀತು. ಹಾಕ್ಕೊಂಡಿದ್ದ ಬೂದು ಸೂಟು ಬೂದು ಗೋಡೇಲಿ ಸೇರಿಹೋಯ್ತು. ಆ ಕಡೆ ಕೆನಡಿ ಕಪ್ಪು ಸೂಟಲ್ಲಿ ಬಿಸಿಲಲ್ಲಿ ಓಡಾಡಿ ಬಂದ ಆರೋಗ್ಯವಂತ ಹುಡುಗನ ಥರ. ಏಳು ಕೋಟಿ ಹತ್ತಿರ ಜನ ನೋಡಿದ್ರು. ನವೆಂಬರಲ್ಲಿ ಇಡೀ ದೇಶದ ಲೆಕ್ಕದಲ್ಲಿ ಇಬ್ರಿಗೂ ಇದ್ದ ವ್ಯತ್ಯಾಸ ಸುಮಾರು 1.12 ಲಕ್ಷ ಓಟು, ನಮ್ಮ ಒಂದೊಂದು ಲೋಕಸಭಾ ಕ್ಷೇತ್ರದಲ್ಲೇ ಅದಕ್ಕಿಂತ ಜಾಸ್ತಿ ಲೀಡ್ ಬರತ್ತೆ.

ಇದರ ಜೊತೆಗೇ ಯಾವಾಗ್ಲೂ ಬರೋ ಇನ್ನೊಂದು ಕಥೆ, ರೇಡಿಯೋ ಕೇಳಿದೋರೆಲ್ಲಾ ನಿಕ್ಸನ್ನೇ ಗೆದ್ದ ಅಂದ್ರು, ಟೀವಿ ನೋಡಿದೋರು ಕೆನಡಿ ಅಂದ್ರು ಅಂತ. ನಾನೂ ಕಾಲೇಜ್ ಕಾಲದಿಂದ ಊರೆಲ್ಲಾ ಹೇಳ್ಕೊಂಡು ತಿರುಗಿದ್ದೆ. ಆಮೇಲೆ ಓದಿದ್ರೆ ಅದು ನಿಂತಿರೋದು ಒಂದು ಕಂಪನಿ ಮಾಡಿದ ಸರ್ವೆ ಮೇಲೆ, ಅದರಲ್ಲಿ ರೇಡಿಯೋ ಕೇಳಿದೋರ ಸಂಖ್ಯೆ ಬಹಳ ಸಣ್ಣದು, ಅವ್ರಲ್ಲಿ ಎಷ್ಟು ಜನ ಮೊದ್ಲಿಂದಾನೇ ನಿಕ್ಸನ್ ಕಡೆಯೋರು ಅನ್ನೋದಕ್ಕೂ ಲೆಕ್ಕ ಇಲ್ಲ. ಕಥೆ ಚೆನ್ನಾಗಿದೆ ಅಂತ ಅರವತ್ತು ವರ್ಷದಿಂದ ಓಡ್ತಾ ಇದೆ. ನಮ್ಮನೇ ಸ್ಯಾಂಪಲ್ಲೂ ಹಂಗೆ ನೀಟಾಗೇನು ಬರ್ಲಿಲ್ಲ, ಬರೀ ಕೇಳಿದ ನನ್ನ ಹೆಂಡ್ತಿಗೂ ಗಂಟಲಲ್ಲೇ ಅರ್ಧ ವಿಷ್ಯ ಗೊತ್ತಾಗಿತ್ತು. ದನಿಗೂ ಒಂದು ಮುಖ ಇರತ್ತೆ. ಇದನ್ನ ಮೈಸೂರಿನೋರಿಗೆ ಹೇಳ್ಬೇಕಾ, 1935ರಲ್ಲಿ ಒಂಟಿಕೊಪ್ಪಲಿನ ಮನೇಲಿ ಗೋಪಾಲಸ್ವಾಮಿ ಅವ್ರು ಪುಟ್ಟ ರೇಡಿಯೋ ಸ್ಟೇಷನ್ ಹಾಕಿ ಆಕಾಶವಾಣಿ ಅನ್ನೋ ಹೆಸರು ಹಬ್ಬೋಕೆ ಕಾರಣ ಆದ ಊರಿದು, ಅವ್ರು ಮಹಾರಾಜಾ ಕಾಲೇಜಲ್ಲಿ ಪಾಠ ಮಾಡ್ತಿದ್ದಿದ್ದು ಮನಶ್ಶಾಸ್ತ್ರ ಅನ್ನೋದು ನಂಗೆ ಯಾವಾಗ್ಲೂ ಖುಷಿ ಕೊಡೋ ವಿಷ್ಯ.

ಈಗ ಡೈರಿ.

ಇದಕ್ಕೂ ಒಂದು ವರ್ಷ ಮುಂಚೆ ನಮ್ಮೂರಿನ ಹಾಲಿನ ಸೊಸೈಟಿ ಎಲೆಕ್ಷನ್ ಬಂತು. ಮಂಡ್ಯ ಕಡೆಯೋರಿಗೆ ಗೊತ್ತು, ಪಾರ್ಲಿಮೆಂಟ್ ಎಲೆಕ್ಷನ್‌ನಲ್ಲಿ ಓಟು ಹಾಕದೆ ಇದ್ರೂ ಡೈರಿ ಎಲೆಕ್ಷನ್ ಯಾರೂ ತಪ್ಪಿಸಲ್ಲ. ಮೆಂಬರುಗಳು ಡೈರೆಕ್ಟ್ರುಗಳ್ನ ಆರಿಸ್ತಾರೆ, ಡೈರೆಕ್ಟ್ರುಗಳು ಸೇರಿ ಅಧ್ಯಕ್ಷನ್ನ ಆರಿಸ್ತಾರೆ, ಯೋಚನೆ ಮಾಡಿದ್ರೆ ಅಮೇರಿಕಾದ್ದೂ ಇದೇ ಥರ, ಜನ ಓಟು ಹಾಕೋದು 538 ಎಲೆಕ್ಟರುಗಳಿಗೆ, ಅದರಲ್ಲಿ 270 ಸಿಕ್ಕೋನು ಅಧ್ಯಕ್ಷ. ನಮ್ಮಲ್ಲಿ ಮೇಲಿನ ಬೀದಿ ಅಣ್ಣಂದು ಒಂದು ಗುಂಪು, ಕೆಳಗಿನ ಬೀದಿ ಅಣ್ಣಂದು ಒಂದು ಗುಂಪು. ನಾನು ರಜಕ್ಕೆ ಹೋಗಿದ್ದೋನು ಸುಮ್ನಿರದೆ ಇಬ್ರನ್ನೂ ಅರಳಿಕಟ್ಟೆ ಮೇಲೆ ನಿಲ್ಸಿ ಒಂದು ಡಿಬೇಟ್ ಮಾಡ್ಸಣ ಅಂದೆ. ಹುಡುಗ್ರು ಕುಣಿದ್ರು.

ಒಪ್ಸೋಕೆ ಐದು ದಿನ ಹಿಡೀತು. ಯಾರು ಮೊದ್ಲು ಮಾತಾಡೋದು, ಯಾರು ಯಾವ ಪಕ್ಕ ನಿಲ್ಲೋದು, ಮಾರಮ್ಮನ ಗುಡಿ ಯಾರ ಬೆನ್ನ ಹಿಂದೆ ಬರ್ಬೇಕು. ಮೈಕ್ ಸೆಟ್ಟು ಕೆಳಗಿನ ಬೀದಿ ಅಣ್ಣನ ಭಾಮೈದಂದು, ಅದು ಬೇಡ ಅಂತ ಮದ್ದೂರಿಂದ ತರ್ಸಿದ್ವಿ. ಕಟ್ಟೆ ಒಂದು ಪಕ್ಕ ಅರ್ಧ ಅಡಿ ತಗ್ಗು, ಅಲ್ಲಿ ನಿಲ್ಲಲ್ಲ ಅಂತ ಒಬ್ರು ಎದ್ದು ಹೋದ್ರು, ಆಮೇಲೆ ಒಂದು ಹಲಗೆ ಹಾಕಿದ್ವಿ. ನಗ್ಬೇಡಿ, 1988ರಲ್ಲಿ ಅಮೇರಿಕಾ ಅಧ್ಯಕ್ಷ ಸ್ಥಾನಕ್ಕೆ ನಿಂತಿದ್ದ ಡುಕಾಕಿಸ್ ಕುಳ್ಳಗೆ ಕಾಣ್ಬಾರ್ದು ಅಂತ ಅಲ್ಲೂ ಕಾಲ ಕೆಳಗೆ ಎತ್ತರ ಕೊಟ್ಟಿದ್ರು. 2004ರಲ್ಲಿ ಬುಷ್ ಮತ್ತೆ ಕೆರ್ರಿ ಕಡೆಯೋರು ಬರ್ಕೊಂಡ ಒಪ್ಪಂದ 32 ಪುಟ ಇತ್ತು, ಪೆನ್ನು ಎಂಥದ್ದು, ಪೇಪರ್ ಎಂಥದ್ದು ಅಂತೆಲ್ಲಾ. ಈ ಥರ ಕಂಡೀಷನ್ನು ಜಾಸ್ತಿ ಆಗ್ತಿದೆ ಅಂತಾನೇ ಮೊದ್ಲು ಈ ಡಿಬೇಟುಗಳನ್ನ ನಡೆಸ್ತಿದ್ದ ಮಹಿಳಾ ಮತದಾರರ ಲೀಗು 1988ರಲ್ಲಿ, ಇದು ಓಟು ಹಾಕೋರಿಗೆ ಮಾಡೋ ಮೋಸ, ನಾವಿದಕ್ಕೆ ಕೈ ಹಾಕಲ್ಲ ಅಂತ ಎದ್ದು ಹೋಗಿದ್ದು. ನಮ್ಮೂರಲ್ಲಿ ಅಂಥ ಲೀಗ್ ಇರ್ಲಿಲ್ಲ, ಒಬ್ರು ರಿಟೈರ್ಡ್ ಮೇಷ್ಟ್ರಿದ್ರು. ಅವ್ರು ಚೀಟಿ ಎತ್ತಿಸಿ ಮೇಲಿನ ಬೀದಿ ಮೊದ್ಲು ಅಂತ ತೀರ್ಮಾನ ಮಾಡಿದ್ರು. ಒಬ್ಬೊಬ್ರಿಗೆ ಮೂರು ನಿಮಿಷ, ನನ್ನ ಮೊಬೈಲ್‌ನಲ್ಲಿ ಟೈಮರು.

ಮೇಲಿನ ಬೀದಿ ಅಣ್ಣ ಮೈಕ್ ಹಿಡಿದ್ರೆ ಮುಗೀತು, ಗಾದೆ, ಡೈಲಾಗು, ಎದುರಾಳಿ ನಡಿಗೆಯ ಮಿಮಿಕ್ರಿ, ಶಿಳ್ಳೆಯೋ ಶಿಳ್ಳೆ. ಮೂರು ನಿಮಿಷಕ್ಕೆ ಟೈಮರ್ ಹೊಡ್ಕೊಂಡ್ರೆ ಯಾರಿಗೂ ಕೇಳಿಸ್ಲೂ ಇಲ್ಲ. ಕೆಳಗಿನ ಬೀದಿ ಅಣ್ಣ ಮೈಕಿಗೆ ಬಾಯಿ ಕೊಡೋದೇ ಗೊತ್ತಿಲ್ಲದೋನು, ಗೊಯ್ ಅನ್ನಿಸಿ, ಎರಡು ಸಲ ನಮಸ್ಕಾರ ಅಂದು, ನಿಂತ್ಕೊಂಡ. ಅಷ್ಟರಲ್ಲಿ ಕರೆಂಟ್ ಹೋಯ್ತು.

1976ರಲ್ಲಿ ಫಿಲಡೆಲ್ಫಿಯಾದಲ್ಲೂ ಹಿಂಗೇ ಆಗಿತ್ತು, ಫೋರ್ಡ್ ಕಾರ್ಟರ್ ಡಿಬೇಟು. ನಿಕ್ಸನ್ 1960ರಲ್ಲಿ ಕೈ ಸುಟ್ಕೊಂಡ ಮೇಲೆ ಹದಿನಾರು ವರ್ಷ ಅಲ್ಲಿ ಡಿಬೇಟೇ ಆಗಿರ್ಲಿಲ್ಲ, 1968 ಮತ್ತೆ 1972ರಲ್ಲಿ ಅದೇ ನಿಕ್ಸನ್ ಬರಲ್ಲ ಅಂದ, 1964ರಲ್ಲಿ ಜಾನ್ಸನ್ನೂ ಬರ್ಲಿಲ್ಲ. ಅಷ್ಟು ವರ್ಷದ ಮೇಲೆ ನಡೀತಿರೋದು, ಮಧ್ಯದಲ್ಲಿ ಆಡಿಯೋ ಕೈಕೊಡ್ತು. 27 ನಿಮಿಷ. ದೇಶಕ್ಕೆ ದೇಶಾನೇ ನೋಡ್ತಿದೆ, ಹಾಲಿ ಅಧ್ಯಕ್ಷ ಒಂದು ಕಡೆ, ಮುಂದೆ ಅಧ್ಯಕ್ಷ ಆಗೋನು ಇನ್ನೊಂದು ಕಡೆ, ಇಬ್ರೂ ಸ್ಟ್ಯಾಂಡ್ ಹಿಂದೆ ಗೊಂಬೆ ಥರ ನಿಂತೇ ಇದ್ರು, ಒಬ್ರಿಗೊಬ್ರು ಒಂದು ಮಾತಿಲ್ಲ. ಕೂತ್ರೆ ಸೋತಂಗೆ ಕಾಣ್ತೀನೇನೋ ಅಂತ ಭಯ ಇದ್ದಿರ್ಬೇಕು. ನಂಗೆ ಆ ವಿಡಿಯೋ ಎಷ್ಟು ಸಲ ನೋಡಿದ್ರೂ ಸಾಕಾಗಲ್ಲ.

ನಮ್ಮೂರಲ್ಲಿ ಕರೆಂಟ್ ಹೋದ್ರೆ ಯಾರೂ ಗೊಂಬೆ ಥರ ನಿಲ್ಲಲ್ಲ. ಮೇಲಿನ ಬೀದಿ ಅಣ್ಣ ಕಟ್ಟೆ ಇಳಿದು ಬೀಡಿ ಹಚ್ಕೊಂಡ, ಅರ್ಧ ಜನ ಎದ್ರು. ಮುಂದುಗಡೆ ಕೂತಿದ್ದ ಒಂದು ಅಜ್ಜಿ ಮಾತ್ರ ಅಲ್ಲಿಂದಾನೇ "ಲೋ, ಕರೆಂಟ್ ವಾದ್ರೆ ನಿನ್ ಬಾಯ್ ವಾಯ್ತಾ? ನಮ್ ಬಟವಾಡೆ ತಿಂಗ್ಳಾದ್ರೂ ಯಾಕ್ ಬರಾಕಿಲ್ಲ ಯೋಳು" ಅಂತು. ಕೆಳಗಿನ ಬೀದಿ ಅಣ್ಣ ಜೇಬಿಂದ ಒಂದು ಚೀಟಿ ತೆಗೆದ. ಇಂತಿಷ್ಟು ಲೀಟ್ರು ಹಾಲು ಹೋಗಿದೆ, ಇಂಥ ತಾರೀಕು ಒಕ್ಕೂಟದಿಂದ ದುಡ್ಡು ಬಂದಿದೆ, ಇಂಥ ತಾರೀಕಿನವರೆಗೂ ಬ್ಯಾಂಕಲ್ಲೇ ಇತ್ತು ಅಂತ ಮೊಬೈಲ್ ಟಾರ್ಚಲ್ಲಿ ಓದಿದ. ಮೆತ್ತಗಿನ ದನಿ, ಕೇಳಿಸ್ಕೊಳ್ಳೋಕೆ ಎದ್ದೋರೂ ವಾಪಸ್ ಬಂದು ಹತ್ರ ಕೂತ್ರು. ಆ ವರ್ಷ ಅಧ್ಯಕ್ಷರಾಗಿದ್ದೋರು ಮೇಲಿನ ಬೀದಿಯೋರೇ. ಮೇಷ್ಟ್ರು ಕತ್ತಲಲ್ಲೇ "ಉತ್ತರ ಕೊಡಪ್ಪ" ಅಂದ್ರು. ಬೀಡಿ ಬೆಂಕಿ ಒಂದೇ ಕಾಣ್ತಿತ್ತು. ಸ್ವಲ್ಪ ಹೊತ್ತಾದ್ಮೇಲೆ ಆ ಕಡೆಯಿಂದ "ಇನ್ಮ್ಯಾಕೆ ಹದಿನೈದು ದಿನಕ್ಕೆ ತಪ್ದಂಗೆ ಕೊಡ್ತೀವಿ ಬುಡ್ರಪ್ಪ" ಅಂತ ಬಂತು.

ಗೆದ್ದಿದ್ದು ಯಾರು? ಮೇಲಿನ ಬೀದಿಯೋರೇ. ಡೈರೆಕ್ಟ್ರುಗಳ್ನೆಲ್ಲಾ ಟೀಟಿ ಮಾಡ್ಕೊಂಡು ಧರ್ಮಸ್ಥಳ, ಅಲ್ಲಿಂದ ಗೋಕರ್ಣ ತಿರುಗಿಸಿ ಸೀದಾ ಅಧ್ಯಕ್ಷರ ಎಲೆಕ್ಷನ್ ದಿನ ತಂದು ಇಳಿಸಿದ್ರು. ಡಿಬೇಟ್ ಮಾಡ್ಸಿ ಏನ್ ಬಂತು ಅಂತ ಹುಡುಗ್ರು ನನ್ನ ಈಗ್ಲೂ ರೇಗಿಸ್ತಾರೆ. ಬಟವಾಡೆ ಮಾತ್ರ ಅಲ್ಲಿಂದೀಚೆಗೆ ಹದಿನೈದು ದಿನಕ್ಕೆ ಸರಿಯಾಗಿ ಆಗ್ತಿದೆ. ಒಂದು ಸಲ ಎರಡು ದಿನ ತಡ ಆಯ್ತಂತೆ, ಅಜ್ಜಿ ಡೈರಿ ಬಾಗ್ಲಲ್ಲಿ ಕ್ಯಾನ್ ಇಟ್ಕೊಂಡು "ಕಟ್ಟೆ ಮೇಲ್ ಏನಂದಿದ್ಲಾ?" ಅಂತ ಕೇಳ್ತಂತೆ.

ಅದಕ್ಕೇ ಡಿಬೇಟಲ್ಲಿ ಯಾರು ಗೆದ್ರು ಅನ್ನೋ ಲೆಕ್ಕದಲ್ಲಿ ನಂಗೆ ಅಷ್ಟು ಆಸಕ್ತಿ ಉಳಿದಿಲ್ಲ. 1984ರಲ್ಲಿ 73 ವರ್ಷದ ರೇಗನ್, ನನ್ನ ಎದುರಾಳಿಯ ಎಳೇ ವಯಸ್ಸನ್ನ, ಅನುಭವ ಇಲ್ಲದಿರೋದನ್ನ ನಾನು ರಾಜಕೀಯಕ್ಕೆ ಬಳಸ್ಕೊಳ್ಳಲ್ಲ ಅಂತ ಒಂದು ಜೋಕ್ ಹೊಡೆದ, 56 ವರ್ಷದ ಮಾಂಡೇಲ್ ಕೂಡ ನಕ್ಕುಬಿಟ್ಟ, ವಯಸ್ಸಿನ ಪ್ರಶ್ನೆ ಅಲ್ಲೇ ಸತ್ತೋಯ್ತು. ಚಂದದ ಮಾತು, ಆದ್ರೆ ಪ್ರಶ್ನೆಗೆ ಉತ್ತರ ಎಲ್ಲಿ ಬಂತು? ನಂಗೆ ಬೇಕಿರೋದು ಅಜ್ಜಿ ಕೇಳಿದ ಥರದ್ದು, ಎದ್ದು ಹೋಗೋಕೆ ಆಗದ ಜಾಗದಲ್ಲಿ, ಎದುರಾಳಿ ಕೇಳಿಸ್ಕೊಳ್ತಾ ಇರೋವಾಗ, ನಾಕು ಜನರ ಮುಂದೆ ಬಾಯಿಂದ ಬಂದು ಆಮೇಲೆ ಇಲ್ಲ ಅನ್ನೋಕಾಗದ ಒಂದು ಮಾತು.

ನಮ್ಮ ದೊಡ್ಡ ಎಲೆಕ್ಷನ್‌ಗಳಲ್ಲಿ ಅದಕ್ಕೆ ಜಾಗಾನೇ ಇಲ್ಲ. 2019ರಲ್ಲಿ ದೇಶದ ಕ್ಯಾಮೆರಾಗಳೆಲ್ಲಾ ಮಂಡ್ಯಕ್ಕೆ ಬಂದು ಬಿದ್ದಿದ್ವು, ಸುಮಲತಾ ಒಂದು ಕಡೆ ನಿಖಿಲ್ ಒಂದು ಕಡೆ, ದಿನಕ್ಕೆ ಹದಿನೆಂಟು ಗಂಟೆ ಟೀವೀಲಿ ಮಂಡ್ಯ, ಇಬ್ರೂ ಒಂದೇ ವೇದಿಕೇಲಿ ನಿಂತು ಒಬ್ರಿಗೊಬ್ರು ಉತ್ತರ ಕೊಟ್ಟಿದ್ದನ್ನ ನಾನಂತೂ ನೋಡ್ಲಿಲ್ಲ. ಡಿಬೇಟ್ ಅಂತ ನಮ್ಮ ಚಾನೆಲ್‌ಗಳಲ್ಲಿ ಬರೋದು ಎಂಟು ಕಿಟಕಿಯ ಗದ್ದಲ, ಅಭ್ಯರ್ಥಿ ಮನೇಲಿ ಊಟ ಮಾಡ್ತಿರ್ತಾನೆ, ವಕ್ತಾರರು ಕಿರಚ್ತಿರ್ತಾರೆ. 2024ರ ಮೇನಲ್ಲಿ ನ್ಯಾಯಮೂರ್ತಿ ಲೋಕೂರ್, ನ್ಯಾಯಮೂರ್ತಿ ಎ.ಪಿ. ಶಾ, ಪತ್ರಕರ್ತ ಎನ್. ರಾಮ್ ಸೇರಿ ಮೋದಿಗೂ ರಾಹುಲ್ ಗಾಂಧಿಗೂ ಬಹಿರಂಗ ಚರ್ಚೆಗೆ ಬನ್ನಿ ಅಂತ ಪತ್ರ ಬರೆದಿದ್ರು, ರಾಹುಲ್ ಬರ್ತೀನಿ ಅಂದ್ರು, ಚರ್ಚೆ ನಡೀಲಿಲ್ಲ. ನಮ್ಮದು ಪಾರ್ಲಿಮೆಂಟ್ ಪದ್ಧತಿ, ಅಧ್ಯಕ್ಷರ ಥರ ಒಬ್ಬೊಬ್ರಿಗೆ ಓಟು ಹಾಕಲ್ಲ, ಅದಕ್ಕೇ ಬೇಡ ಅಂತ ಕೆಲವ್ರು ಹೇಳ್ತಾರೆ. ನಮ್ಮ ಥರಾನೇ ಪದ್ಧತಿ ಇರೋ ಕೆನಡಾದಲ್ಲಿ 1968ರಲ್ಲೇ ಮಾಡಿದ್ರು, ಬ್ರಿಟನ್‌ನಲ್ಲಿ 2010ರಿಂದ ಮಾಡ್ತಿದ್ದಾರೆ. ಹಲಗೆ ಒಂದು ಬೇಕು ಅಷ್ಟೇ, ತಗ್ಗಿರೋ ಕಡೆ ಹಾಕೋಕೆ.

ಸೆಪ್ಟೆಂಬರಲ್ಲಿ ತಾತ ಇನ್ನೊಂದು ಕಣ್ಣಿನ ಆಪರೇಷನ್‌ಗೆ ಮತ್ತೆ ಬಂತು. 11ನೇ ತಾರೀಕು ಬೆಳಗ್ಗೆ ಆರೂವರೆಗೆ ಮತ್ತೆ ಡಿಬೇಟು, ಈ ಸಲ ಫಿಲಡೆಲ್ಫಿಯಾದಿಂದ. ಕಮಲಾ ಹ್ಯಾರಿಸ್ ಬಂದೋಳೇ ಸೀದಾ ಟ್ರಂಪ್ ಇದ್ದ ಕಡೆಗೇ ನಡ್ಕೊಂಡು ಹೋಗಿ ಹೆಸರು ಹೇಳಿ ಕೈ ಕುಲುಕಿದ್ಲು. "ನೋಡ್ಲಾ, ಅವ್ನ್ ಜಾಗುಕ್ಕೇ ವೋದ್ಲು" ಅಂತು ತಾತ, ಖುಷಿಯಾಗಿ. ಯಾರ್ಲಾ ಈಯಮ್ಮ ಅಂತ ಕೇಳಿದ್ದಕ್ಕೆ ಅವ್ರ ತಾಯಿ ಕಡೆಯೋರು ತಮಿಳುನಾಡಿನೋರು ತಾತ, ಮನ್ನಾರ್‌ಗುಡಿ ಹತ್ರ ಅಂತ ನಾನು ಸುಮ್ನಿರದೆ ಹೇಳ್ಬಿಟ್ಟೆ. ಕಾವೇರಿ ಗಲಾಟೇಲಿ ಎಷ್ಟು ಸಲ ರಸ್ತೆ ಮೇಲೆ ಕೂತಿದೆಯೋ ನಮ್ಮ ತಾತ, ಲೆಕ್ಕ ಇಲ್ಲ. ಮುಖ ಬದಲಾಯ್ತು. "ಅಂಗಾದ್ರೆ ನೀರ್ನ ಅವ್ರಿಗೇ ಬುಡಿ ಅಂತಾಳೆ ಬುಡು" ಅಂತು. ಅಡಿಗೆಮನೇಲಿ ನನ್ನ ಹೆಂಡ್ತಿ ನಕ್ಕೂ ನಕ್ಕೂ ಕೆಮ್ಮು ಬಂತು. ಈ ಸಲ ಪ್ರಶ್ನೆ ಕೇಳೋರು ಮಧ್ಯಮಧ್ಯದಲ್ಲಿ ಅಲ್ಲ ಸರ್ ಅದು ಹಂಗಿಲ್ಲ ಅಂತ ತಿದ್ತಿದ್ರು, ವಲಸೆ ಬಂದೋರು ಊರಿನೋರ ನಾಯಿ ತಿಂತಿದ್ದಾರೆ ಅಂತ ಟ್ರಂಪ್ ಅಂದಾಗ್ಲಂತೂ, ಹಂಗಾಗಿ ಟೀಚರಮ್ಮಂಗೆ ಸಮಾಧಾನ.

ಅರ್ಧ ಗಂಟೆ ಆಗಿರ್ಬೋದು, ತಾತ ಇದ್ದಕ್ಕಿದ್ದಂಗೆ "ಆ ಉಸಾರಿಲ್ದೋನು ಎಲ್ಲೋದ್ಲಾ?" ಅಂತು.

ಬಿಟ್ಬಿಟ್ರು ತಾತ, ಜುಲೈನಲ್ಲೇ ನಾನು ನಿಲ್ಲಲ್ಲ ಅಂದ್ಬಿಟ್ರು ಅಂದೆ.

"ಆವತ್ ನಾವ್ ನೋಡುದ್ವಲ್ಲ, ಅದ್ಕಾ?"

ಹೂಂ, ಅದ್ಕೇ.

ಸ್ವಲ್ಪ ಹೊತ್ತು ಏನೂ ಮಾತಾಡ್ಲಿಲ್ಲ. ಕನ್ನಡಕ ತೆಗೆದು ಪಂಚೆ ತುದೀಲಿ ಒರೆಸ್ಕೊಂಡು, "ಮನೇಲ್ ಯಾರೂ ಯೋಳ್ನಿಲ್ವಾ ಅವ್ನಿಗೆ? ಟೀವೀಲೇ ಗೊತ್ತಾಗ್ಬೇಕಿತ್ತಾ?" ಅಂತು. ನಂಗೆ ಉತ್ತರ ಹೊಳೀಲಿಲ್ಲ. ಟೀವೀಲಿ ಟ್ರಂಪ್ ಇನ್ನೂ ಮಾತಾಡ್ತಾನೇ ಇದ್ದ. ತಾತ ಕಾಫಿ ಆರೋಗಿದೆ ಅಂತ ಲೋಟ ಎತ್ಕೊಂಡು ಅಡಿಗೆಮನೆ ಕಡೆ ಹೋಯ್ತು.